'ಮುಕ್ತ' ಎಂದರೆ ಯಾವುದರಿಂದ ಮುಕ್ತ?

ಪತ್ರಿಕೆಗಳನ್ನು ತಪ್ಪದೆ ಓದುವ ನಮ್ಮ ಪಟ್ಟಣವಾಸಿಗಳಿಗೆ 'ಮುಕ್ತ ವ್ಯಾಪಾರ'ವೆಂಬ ಜೋಡುಶಬ್ದವು ಈಗ ಅಪರಿಚಿತವಾಗಿ ಉಳಿದಿಲ್ಲ. 2009ರಲ್ಲಿ ಆಗ್ನೇಯ ಏಶಿಯದ ರಾಷ್ಟ್ರಕೂಟದೊಡನೆ ಹಿಂದುಸ್ಥಾನವು ಕರಾರು ಮಾಡಿಕೊಂಡಾಗ ಅದು ಎಲ್ಲರ ಬಾಯಲ್ಲಿ ಓಡಾಡಿತು. 2019ರ ನವೆಂಬರದಲ್ಲಿ ಅದಕ್ಕಿಂತ ದೊಡ್ಡದಾದ ಇನ್ನೊಂದು ಕರಾರಿಗೆ ನಮ್ಮ ಸರಕಾರವು ಒಲ್ಲೆನೆಂದು ಹಿಂದೆಗೆದಾಗ ಮತ್ತೊಮ್ಮೆ ಕೇಳಿಬಂದಿತು. 2025ರ ಜುಲೈ 24ರಂದು ಬ್ರಿಟನ್ನಿನೊಡನೆ ಆದ ಒಪ್ಪಂದಕ್ಕೆ ರುಜು ಬಿದ್ದಾಗಲಂತೂ ಕನ್ನಡ ಪತ್ರಿಕೆಗಳ ಮೊದಲ ಪುಟದ ತಲೆಬರಹವೇ ಅದಾಯಿತು. ಹೀಗೆ ಶಬ್ದವೇನೋ ರೂಢಿಗೆ ಬಂದಿತು, ಅರ್ಥವು ಬಂದಿತೇ? ಯಾವ ಊರಿನ ವಾಚನಾಲಯದಲ್ಲಿಯಾದರೂ ನಾಲ್ಕು ಮಂದಿಯನ್ನು ಕೇಳಿ ನೋಡಿರಿ. ಒಬ್ಬರು ಅದನ್ನು ಸುಂಕವೇ ಇಲ್ಲದ ವ್ಯಾಪಾರವೆನ್ನುವರು. ಇನ್ನೊಬ್ಬರು ಸರಕಾರದ ಕೈವಾಡವಿಲ್ಲದ ವ್ಯಾಪಾರವೆನ್ನುವರು. ಮೂರನೆಯವರು ಅದನ್ನು ಸ್ವಾತಂತ್ರ್ಯದ ಒಂದು ಅಂಗವೆಂದೇ ತಿಳಿದಿರುವರು. ನಾಲ್ಕನೆಯವರು ಏನೂ ಹೇಳದೆ ತಲೆದೂಗುವರು. ನಮ್ಮ ಮಟ್ಟಿಗೆ ಈ ನಾಲ್ಕನೆಯವರ ಮೇಲೆಯೇ ಹೆಚ್ಚು ಗೌರವ.

ಮೊದಲು ವ್ಯಾಕರಣದ ಮಾತು. ಶಾಲಾ ಮಾಸ್ತರರಾದ ನಮ್ಮ ವಾಚಕರಿಗೆ ಇದು ನೀರು ಕುಡಿದಷ್ಟು ಸುಲಭ. 'ಮುಕ್ತ'ವೆಂದರೆ ಬಿಡಿಸಲ್ಪಟ್ಟದ್ದು. ಬಿಡಿಸಲ್ಪಡಬೇಕಾದರೆ ಮೊದಲು ಕಟ್ಟಿರಬೇಕು, ಕಟ್ಟಿದ ಹಗ್ಗವೊಂದಿರಬೇಕು, ಬಿಡಿಸಿದ ಕೈಯೊಂದಿರಬೇಕು. ಋಣಮುಕ್ತ, ರೋಗಮುಕ್ತ, ಬಂಧಮುಕ್ತ ಎಂಬ ಸಮಾಸಗಳಲ್ಲೆಲ್ಲ ಆ ಹಗ್ಗದ ಹೆಸರು ಮೊದಲಿನ ಪದದಲ್ಲಿಯೇ ಇರುವದು. ಋಣದಿಂದ ಮುಕ್ತ, ರೋಗದಿಂದ ಮುಕ್ತ. ಇವೆಲ್ಲ ಪಂಚಮೀ ತತ್ಪುರುಷ. ಆದರೆ 'ಮುಕ್ತ ವ್ಯಾಪಾರ'ದಲ್ಲಿ ಪಂಚಮಿಯೇ ಇಲ್ಲ. ವ್ಯಾಪಾರವು ಮುಕ್ತವಾಗಿದೆ, ಯಾವುದರಿಂದ? ಹೇಳಿಲ್ಲ. ಯಾರಿಗಾಗಿ? ಅದೂ ಇಲ್ಲ. ಇಂಥ ಅರ್ಧ ವಾಕ್ಯವನ್ನು ಹುಡುಗನೊಬ್ಬನು ಪರೀಕ್ಷೆಯಲ್ಲಿ ಬರೆದರೆ ಮಾಸ್ತರರು ಕೆಂಪು ಗೆರೆ ಎಳೆಯುವರು. ರಾಜ್ಯಗಳೇ ಬರೆದರೆ ನಾವು ಚಪ್ಪಾಳೆ ತಟ್ಟುವೆವು.

ನಮ್ಮ ಹಿರಿಯರು ಈ ವಿಷಯದಲ್ಲಿ ಹೆಚ್ಚು ಎಚ್ಚರದವರಾಗಿದ್ದರು. ಕಲ್ಯಾಣದ ಚಾಲುಕ್ಯರ ಕಾಲದ ಕನ್ನಡ ಶಾಸನಗಳಲ್ಲಿ ಹೆಜ್ಜುಂಕ, ವಡ್ಡರಾವುಳ, ಬಿಲ್ಕೊಡೆ ಎಂದು ಬಗೆಬಗೆಯ ಸುಂಕಗಳ ಹೆಸರು ಬರುವವು. ದೇವಾಲಯಕ್ಕೋ ಅಗ್ರಹಾರಕ್ಕೋ ದತ್ತಿ ಕೊಡುವಾಗ ಯಾವ ಸುಂಕವನ್ನು ಬಿಟ್ಟರು, ಅಥವಾ ಯಾವ ಸುಂಕದ ಆದಾಯವನ್ನು ಬರೆದುಕೊಟ್ಟರು, ಕೊಟ್ಟವರಾರು, ಪಡೆದವರಾರು ಎಂಬುದನ್ನೆಲ್ಲ ಕಲ್ಲಿನಲ್ಲಿ ಕೊರೆಯಿಸುತ್ತಿದ್ದರು. 'ಸರ್ವಬಾಧಾಪರಿಹಾರ'ವೆಂಬ ಮಾತು ಎಷ್ಟು ಅಗಲವಾದುದಾದರೂ ಅದರಲ್ಲಿ ಬಾಧೆಯೆಂಬ ಹೆಸರಾದರೂ ಇದೆ. ಅಯ್ಯಾವೊಳೆಯ ಐನೂರ್ವರಂಥ ವರ್ತಕ ಸಂಘದವರು ತಮ್ಮ ಸರಕಿನ ಮೇಲೆ ತಾವೇ ಆಯವನ್ನು ಹಾಕಿಕೊಂಡು ಧರ್ಮಕಾರ್ಯಕ್ಕೆ ಕೊಟ್ಟಾಗಲೂ ಲೆಕ್ಕವು ಹೀಗೆಯೇ ಬಿಚ್ಚಿದ ಲೆಕ್ಕ. ಸುಂಕವೆಂಬುದು ನಮ್ಮ ಬದುಕಿನಲ್ಲಿ ಎಷ್ಟು ಹಾಸುಹೊಕ್ಕಾಗಿತ್ತೆಂದರೆ, 12ನೆಯ ಶತಮಾನದ ಶರಣರ ಮೇಳದಲ್ಲಿ ಸುಂಕದ ಬಂಕಣ್ಣನೆಂಬ ವಚನಕಾರನೇ ಇದ್ದನು. ಬೆಂಗಳೂರಿನ ಮಾಗಡಿ ರಸ್ತೆಯಲ್ಲಿ ಇಂದಿಗೂ ಸುಂಕದಕಟ್ಟೆಯೆಂಬ ಹೆಸರು ಉಳಿದಿದೆ. 'ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡರೆ ಆಗುವದೇನು' ಎಂಬ ಗಾದೆಯನ್ನು ಸುಂಕದ ಕಟ್ಟೆಯನ್ನೇ ಕಾಣದ ಹೆಂಗಸರೂ ಆಡುವರು. ಜನರಿಗೆ ಸುಂಕದ ಮೇಲೆ ಪ್ರೀತಿಯಿತ್ತೆಂದು ಯಾರೂ ಹೇಳಲಾರರು. ಮೈಸೂರು ಸೀಮೆಯಲ್ಲಿ ಕಬ್ಬನ್ ಸಾಹೇಬರ ಆಡಳಿತದಲ್ಲಿ 769 ಬಗೆಯ ಚಿಲ್ಲರೆ ತೆರಿಗೆಗಳನ್ನು ತೆಗೆದುಹಾಕಿದರೆಂದರೆ, ಅದಕ್ಕೆ ಮುಂಚೆ ಪ್ರಜೆಯ ಬೆನ್ನು ಎಷ್ಟು ಬಾಗಿದ್ದಿತೆಂಬುದನ್ನು ಊಹಿಸಬಹುದು. ಸುಂಕವನ್ನು ತೆಗೆಯುವದು ಪುಣ್ಯಕಾರ್ಯವಾಗಬಹುದು. ಆದರೆ ಯಾವುದನ್ನು ತೆಗೆದರೆಂದು ಹೇಳಬೇಕು.

ಇನ್ನು ಶಬ್ದದ ತವರುಮನೆಗೆ ಹೋಗೋಣ. ಕನ್ನಡದ 'ಮುಕ್ತ ವ್ಯಾಪಾರ'ವು ಇಂಗ್ಲಿಷಿನ 'ಫ್ರೀ ಟ್ರೇಡ್' ಎಂಬುದರ ನೆರಳು. ಆ ಮೂಲಶಬ್ದದ ಚರಿತ್ರೆಯು ಬಹಳ ಮೋಜಿನದು. 18ನೆಯ ಶತಮಾನದ ಇಂಗ್ಲಂಡಿನ ಕಡಲಂಚಿನಲ್ಲಿ 'ಫ್ರೀ ಟ್ರೇಡರ್' ಎಂದರೆ ರಾತ್ರಿಯಲ್ಲಿ ಸುಂಕದವರ ಕಣ್ಣು ತಪ್ಪಿಸಿ ಚಹ, ಬ್ರಾಂದಿ, ತಂಬಾಕುಗಳನ್ನು ದಡಕ್ಕೆ ಇಳಿಸುವ ಕಳ್ಳ ಸಾಗಣೆಗಾರ! ಆಮೇಲೆ ಈಸ್ಟ್ ಇಂಡಿಯಾ ಕಂಪನಿಯ ಏಕಸ್ವಾಮ್ಯವನ್ನು ಮುರಿಯಬೇಕೆಂದು ಹಟ ಹಿಡಿದ ಖಾಸಗಿ ವರ್ತಕರು ಆ ಶಬ್ದವನ್ನು ತಮ್ಮದಾಗಿ ಮಾಡಿಕೊಂಡರು. 1813ರಲ್ಲಿ ಹಿಂದುಸ್ಥಾನದ ವ್ಯಾಪಾರವೂ 1833ರಲ್ಲಿ ಚೀನದ ವ್ಯಾಪಾರವೂ ಅವರಿಗೆ ತೆರೆದವು. ಮೂರನೆಯ ಸಲ ಅದು ಮ್ಯಾಂಚೆಸ್ಟರಿನ ಗಿರಣಿಯ ಒಡೆಯರ ಕೈಗೆ ಬಂದಿತು. ರಿಚರ್ಡ್ ಕಾಬ್ಡೆನ್ ಮತ್ತು ಜಾನ್ ಬ್ರೈಟ್ ಇವರ ಚಳವಳಿಯಿಂದ 1846ರಲ್ಲಿ ಪರದೇಶದ ಧಾನ್ಯದ ಮೇಲಿನ ಸುಂಕದ ಕಾಯದೆಯು ರದ್ದಾಯಿತು. ಇಲ್ಲಿ ನ್ಯಾಯವಾದ ಮಾತನ್ನು ಮರೆಯಲಾಗದು: ಆ ಸುಂಕದಿಂದ ಲಾಭ ಉಂಡವರು ಇಂಗ್ಲಂಡಿನ ದೊಡ್ಡ ಜಮೀನುದಾರರು, ರೊಟ್ಟಿ ತುಟ್ಟಿಯಾಗಿ ಹಸಿದವರು ಅಲ್ಲಿಯ ಕೂಲಿಕಾರರು. ಅವರ ಮಟ್ಟಿಗೆ ಪಂಚಮಿ ಚತುರ್ಥಿಗಳೆರಡೂ ಸರಿಯಾಗಿದ್ದವು: ಜಮೀನುದಾರನ ಸುಂಕದಿಂದ ಬಿಡುಗಡೆ, ಬಡವನ ರೊಟ್ಟಿಗಾಗಿ ಬಿಡುಗಡೆ. ಆದರೆ ಅದೇ ಶಬ್ದವು ಹಡಗು ಹತ್ತಿ ಮುಂಬಯಿಯಲ್ಲಿ ಇಳಿದಾಗ ವಿಭಕ್ತಿಗಳೆಲ್ಲ ಅದಲು ಬದಲಾದವು.

ಈ ಕಥೆಯನ್ನು ತುಸು ನಿಧಾನವಾಗಿ ಹೇಳಬೇಕು. ಹಿಂದುಸ್ಥಾನದ ಅಚ್ಚಿನ ಅರಿವೆಯು ತಮ್ಮ ಪೇಟೆಗೆ ಬರಬಾರದೆಂದು ಇಂಗ್ಲಂಡಿನ ಪಾರ್ಲಿಮೆಂಟು 1700ರಲ್ಲಿ ಒಂದು, 1721ರಲ್ಲಿ ಇನ್ನೊಂದು ನಿಷೇಧದ ಕಾಯದೆ ಮಾಡಿತು. ಹೊರೇಸ್ ಹೇಮನ್ ವಿಲ್ಸನ್ ಎಂಬ ಇಂಗ್ಲಿಷ್ ಸಂಸ್ಕೃತ ಪಂಡಿತನೇ ಬರೆದಿಟ್ಟಿರುವ ಮೇರೆಗೆ, 1813ರ ಸುಮಾರಿಗೆ ನಮ್ಮ ಹತ್ತಿ ರೇಶಿಮೆಯ ಅರಿವೆಗಳು ಅಲ್ಲಿಯ ಅರಿವೆಗಿಂತ ಅರ್ಧಕ್ಕಿಂತ ಕಡಿಮೆ ಬೆಲೆಗೆ ಮಾರಿದರೂ ಲಾಭ ತರುವಂತಿದ್ದವು. ಅದಕ್ಕಾಗಿ ಅವುಗಳ ಮೇಲೆ ಶೇಕಡಾ 70ರಿಂದ 80ರ ವರೆಗೆ ಸುಂಕ ಹೇರಬೇಕಾಯಿತು. ಆ ಗೋಡೆಯ ನೆರಳಿನಲ್ಲಿ ಲ್ಯಾಂಕಾಶೈರಿನ ಗಿರಣಿಗಳು ಬೆಳೆದು ದೊಡ್ಡವಾದವು. ಬೆಳೆದ ಮೇಲೆ, ಗೋಡೆಯು ಪಾಪವೆಂದು ಅವರಿಗೆ ಜ್ಞಾನೋದಯವಾಯಿತು. ಗೋಡೆ ಏರಲು ಬಳಸಿದ ನಿಚ್ಚಣಿಕೆಯನ್ನು ಒದ್ದು ಕೆಡವುವ ಈ ಜಾಣತನವನ್ನು 1841ರಷ್ಟು ಹಿಂದೆಯೇ ಫ್ರೀಡ್ರಿಕ್ ಲಿಸ್ಟನೆಂಬ ಜರ್ಮನಿಯ ಅರ್ಥಶಾಸ್ತ್ರಜ್ಞನು ಬಯಲಿಗಿಟ್ಟಿದ್ದನು. ನಮ್ಮಲ್ಲಿ ನ್ಯಾಯಮೂರ್ತಿ ರಾನಡೆಯವರು 1892ರಲ್ಲಿ ಪುಣೆಯ ಡೆಕ್ಕನ್ ಕಾಲೇಜಿನಲ್ಲಿ ಮಾಡಿದ ಭಾಷಣದಲ್ಲಿ, ಇಂಗ್ಲಂಡಿನ ಅರ್ಥಶಾಸ್ತ್ರದ ಸೂತ್ರಗಳು ಎಲ್ಲ ದೇಶಗಳಿಗೂ ಎಲ್ಲ ಕಾಲಕ್ಕೂ ಹೊಂದುವವಲ್ಲವೆಂದು ಸಾಧಿಸಿದರು.

ಅಷ್ಟರಲ್ಲಿ ನಡೆಯಬಾರದ್ದು ನಡೆದುಹೋಗಿತ್ತು. 1877ರಲ್ಲಿ ಇಂಗ್ಲಂಡಿನ ಕಾಮನ್ಸ್ ಸಭೆಯು, ಹಿಂದುಸ್ಥಾನದಲ್ಲಿ ವಿಲಾಯತಿ ಅರಿವೆಯ ಮೇಲಿರುವ ಆಮದು ಸುಂಕವನ್ನು ತೆಗೆಯಬೇಕೆಂದು ಗೊತ್ತುವಳಿ ಮಾಡಿತು. ಅಲ್ಪ ಸುಂಕವದು, ಬೊಕ್ಕಸ ತುಂಬಲು ಹಾಕಿದ್ದೇ ಹೊರತು ಗಿರಣಿ ಸಾಕಲು ಹಾಕಿದ್ದಲ್ಲ. 1879ರಲ್ಲಿ ವೈಸರಾಯ್ ಲಾರ್ಡ್ ಲಿಟನ್ನನು ತನ್ನ ಕಾರ್ಯಕಾರಿ ಮಂಡಲದ ಬಹುಮತವನ್ನೇ ತಳ್ಳಿಹಾಕಿ ಒರಟು ಅರಿವೆಯ ಮೇಲಿನ ಸುಂಕವನ್ನು ರದ್ದುಮಾಡಿದನು. ದಕ್ಷಿಣದಲ್ಲಿ ಲಕ್ಷಾಂತರ ಜನರನ್ನು ನುಂಗಿದ 1876-78ರ ಬರವು ಆಗತಾನೆ ಮುಗಿದಿತ್ತು. ಅಫಗಾಣಿಸ್ತಾನದ ಯುದ್ಧದ ಖರ್ಚು ಬೇರೆ ಮೇಲೆ ಬಿದ್ದಿತ್ತು. ಬಿಜಾಪುರ, ಬಳ್ಳಾರಿ, ಕೋಲಾರಗಳ ಹಿರಿಯರು ಆ ಬರದ ಕಥೆಯನ್ನು ಮೊಮ್ಮಕ್ಕಳಿಗೆ ಹೇಳಿ ಹೋಗಿರುವರು. ಬೊಕ್ಕಸಕ್ಕೆ ಹಣ ಬೇಕಾದ ಆ ಹೊತ್ತಿನಲ್ಲಿಯೇ ಸುಂಕವನ್ನು ಬಿಟ್ಟುಕೊಡಲಾಯಿತು. ಬಡವನ ಉಪ್ಪಿನ ಮೇಲಿನ ಕರ ಮಾತ್ರ ಹಾಗೆಯೇ ಉಳಿಯಿತು. 1882ರಲ್ಲಿ ಉಳಿದ ಆಮದು ಸುಂಕಗಳೂ ಬಹುಮಟ್ಟಿಗೆ ಹೋದವು. 1894ರಲ್ಲಿ ಹಣದ ಅಡಚಣೆಯಿಂದ ಸುಂಕವನ್ನು ಮತ್ತೆ ತರಬೇಕಾದಾಗ ಮ್ಯಾಂಚೆಸ್ಟರು ಸುಮ್ಮನಿರಲಿಲ್ಲ. ಆಮದು ಅರಿವೆಗೆ ಸುಂಕವೆಂದ ಮೇಲೆ ಹಿಂದುಸ್ಥಾನದ ಗಿರಣಿಯ ಮಾಲಿಗೂ ಸಮನಾದ ಸುಂಕ ಬೀಳಬೇಕೆಂದು ಪಟ್ಟು ಹಿಡಿದು, 1896ರಲ್ಲಿ ಎರಡರ ಮೇಲೂ ಶೇಕಡಾ ಮೂರೂವರೆ ಎಂದು ಮಾಡಿಸಿತು. ತನ್ನ ಪ್ರಜೆಗಳ ಕೈಗಾರಿಕೆಯ ಮೇಲೆ, ಪರರಿಗೆ ಹಾನಿಯಾಗದಿರಲೆಂದು, ತೆರಿಗೆ ಹಾಕಿದ ಸರಕಾರವು ಭೂಮಂಡಲದಲ್ಲಿ ಇನ್ನೊಂದು ಸಿಕ್ಕೀತೋ ಇಲ್ಲವೋ. ಈ ಉತ್ಪಾದನಾ ಸುಂಕವು 1925ರ ಡಿಸೆಂಬರದ ವರೆಗೆ ಬದುಕಿ, 1926ರಲ್ಲಿ ಕಾಯದೆಯಿಂದ ಅಳಿಯಿತು. ಇಷ್ಟಕ್ಕೆಲ್ಲ ಕೊಟ್ಟ ಹೆಸರು 'ಮುಕ್ತ ವ್ಯಾಪಾರ'!

ಆದರೆ ನಾವು ವಕೀಲರು. ಎದುರು ಪಕ್ಷದ ಸಾಕ್ಷಿಯನ್ನೂ ಮುಚ್ಚಿಡಲಾಗದು. ಆ 1896ರ ಕಾಯದೆಯು ಕೈಮಗ್ಗದ ಅರಿವೆಗೆ ಸುಂಕ ಹಾಕಲಿಲ್ಲ; ನೂಲಿನ ಮೇಲಿನ ಸುಂಕವನ್ನೂ ತೆಗೆದಿತು. ಇಳಕಲ್ಲು, ಗುಳೇದಗುಡ್ಡ, ಗದಗ-ಬೆಟಗೇರಿಗಳ ನೇಕಾರನಿಗೆ ಅದರಿಂದ ತುಸು ನೆಳಲೇ ಸಿಕ್ಕಿತು. ಹುಯಿಲಿಟ್ಟವರಲ್ಲಿ ಮೊದಲಿಗರು ಮುಂಬಯಿಯ ಗಿರಣಿ ಒಡೆಯರು. ಅವರ ಹುಯಿಲು ನ್ಯಾಯವಾದದ್ದೇ. ಆದರೂ ಗಿರಣಿ ಒಡೆಯನ ದುಃಖವೆಲ್ಲ ದೇಶದ ದುಃಖವೆಂದೂ ಅವನ ಗೋಡೆಯೆಲ್ಲ ದೇಶದ ಗೋಡೆಯೆಂದೂ ನಾವು ಒಪ್ಪಬೇಕಾಗಿಲ್ಲ. 'ರಕ್ಷಣೆ'ಯೆಂಬ ಶಬ್ದಕ್ಕೂ ವಿಭಕ್ತಿ ಬೇಕು.

ಕನ್ನಡಿಗರು ಈ 'ಮುಕ್ತ' ಶಬ್ದಕ್ಕೆ ತೆತ್ತ ಇನ್ನೊಂದು ಬೆಲೆಯನ್ನು ನಮ್ಮ ಶಾಲಾ ಪುಸ್ತಕಗಳು ಹೇಳುವದಿಲ್ಲ. ಮ್ಯಾಂಚೆಸ್ಟರಿನವರಿಗೆ ಹಿಂದುಸ್ಥಾನದಲ್ಲಿ ತಮ್ಮ ಅರಿವೆಗೆ ಪೇಟೆಯಷ್ಟೇ ಅಲ್ಲ, ತಮ್ಮ ಗಿರಣಿಗೆ ಹತ್ತಿಯೂ ಬೇಕಾಗಿತ್ತು. ಧಾರವಾಡದ ಎರೆಯ ಹೊಲಗಳಲ್ಲಿ 1840ರ ದಶಕದಿಂದಲೇ ಅಮೇರಿಕನ್ ಹತ್ತಿಯ ಬೀಜವನ್ನು ಬಿತ್ತಿಸಿದ್ದರು. 1861ರಲ್ಲಿ ಅಮೇರಿಕೆಯಲ್ಲಿ ಅಂತರ್ಯುದ್ಧವು ಹುಟ್ಟಿ ಅಲ್ಲಿಯ ಹತ್ತಿ ನಿಂತಾಗ ಅವರ ಕಣ್ಣು ಧಾರವಾಡದ ಮೇಲೆ ಬಿದ್ದಿತು. ಘಟ್ಟ ಇಳಿದರೆ ಕಾರವಾರದ ಬಂದರ. ಆದರೆ ಹತ್ತಿ ಬೆಳೆಯುವ ಧಾರವಾಡವು ಮುಂಬಯಿ ಇಲಾಖೆಯಲ್ಲಿ, ಬಂದರವಿರುವ ಕನ್ನಡ ಜಿಲ್ಲೆಯು ಮದ್ರಾಸು ಇಲಾಖೆಯಲ್ಲಿ. ಬಂದರ ಮತ್ತು ಘಟ್ಟದ ರಸ್ತೆಯ ಕೆಲಸ ಒಂದೇ ಆಡಳಿತದ ಕೈಯಲ್ಲಿ ಬರಲೆಂಬ ಹತ್ತಿಯ ವರ್ತಕರ ಒತ್ತಾಯವೂ ಸೇರಿ, 1862ರಲ್ಲಿ ಕನ್ನಡ ಜಿಲ್ಲೆಯ ಉತ್ತರ ಭಾಗವನ್ನು ಮದ್ರಾಸಿನಿಂದ ತೆಗೆದು ಮುಂಬಯಿಗೆ ಕೂಡಿಸಿದರು. ಕಾರವಾರವೂ ಮಂಗಳೂರೂ ಬೇರೆ ಬೇರೆ ಇಲಾಖೆಯವಾದದ್ದು ಹೀಗೆ. ಅಮೇರಿಕೆಯ ಯುದ್ಧವು 1865ರಲ್ಲಿ ಮುಗಿಯಿತು, ಹತ್ತಿಯ ಬೆಲೆ ಇಳಿಯಿತು, ಮ್ಯಾಂಚೆಸ್ಟರಿಗೆ ಕಾರವಾರದ ನೆನಪು ಹಾರಿಹೋಯಿತು. ಆದರೆ ಎಳೆದ ಗೆರೆಯು 94 ವರ್ಷ ಹಾಗೆಯೇ ಉಳಿಯಿತು. ಸಾಮಾನಿಗೆ ಅಡ್ಡಿಯಿರಬಾರದೆಂದು ನಾಡಿಗೆ ಅಡ್ಡಗೆರೆ ಎಳೆದ ಈ ಸಂಗತಿಯನ್ನು ಕನ್ನಡ ಮಕ್ಕಳಿಗೆ ಭೂಗೋಲದ ಪಾಠದಲ್ಲಿಯಾದರೂ ಹೇಳಬೇಡವೇ?

ಹರಿದು ಹಂಚಿದ ಆ ಕರ್ನಾಟಕದಲ್ಲಿ ಒಂದೇ ಹೊರೆಗೆ ಮೂರು ಹೆಸರುಗಳಿದ್ದವು. ಮೈಸೂರಿನವನಿಗೆ ಅದು ಸುಂಕ. ಮರಾಠಿಯ ಒಡನಾಟದ ಧಾರವಾಡ ಬೆಳಗಾವಿಗಳವನಿಗೆ ಜಕಾತಿ. ನಿಜಾಮನ ರಾಯಚೂರು, ಗುಲಬರ್ಗೆ, ಬೀದರಗಳವನಿಗೆ ಕರೋಡಗಿರಿ. ಇವುಗಳಲ್ಲಿ ಕರೋಡಗಿರಿಯೇ ಎಲ್ಲಕ್ಕೂ ಕಠೋರ. ಹೈದರಾಬಾದ ಸಂಸ್ಥಾನವು ತನ್ನ ಗಡಿಯ ಒಳಗೆ ಬರುವ ಮಾಲಿಗೂ ಹೊರಗೆ ಹೋಗುವ ಮಾಲಿಗೂ ಶೇಕಡಾ 5ರಂತೆ ಸುಂಕ ಕೀಳುತ್ತಿತ್ತು. ನಕ್ಷೆಯನ್ನು ಬಿಡಿಸಿ ನೋಡಿರಿ: ಹೊಸಪೇಟೆಯು ಮದ್ರಾಸು ಇಲಾಖೆಯಲ್ಲಿ, ತುಂಗಭದ್ರೆಯ ಆಚೆಯ ದಂಡೆಯ ಮುನಿರಾಬಾದವು ನಿಜಾಮನಲ್ಲಿ. ಗದಗವು ಮುಂಬಯಿಯಲ್ಲಿ, ಅದರ ನೆರೆಯ ಕೊಪ್ಪಳವು ನಿಜಾಮನಲ್ಲಿ. ಆಡುವ ಮಾತು ಒಂದೇ, ಕೊಟ್ಟು ತರುವ ಮನೆತನಗಳೂ ಅವೇ. ಆದರೆ ಸರಕಿನ ಗಂಟು ಈ ಪೇಟೆಯಿಂದ ಆ ಪೇಟೆಗೆ ಹೋದರೆ ಪರದೇಶಕ್ಕೆ ಹೋದಂತೆ. ಇತ್ತ ಲಿವರ್‌ಪೂಲಿನಿಂದ ಮುಂಬಯಿಗೆ ಅರಿವೆ ಬರುವ ದಾರಿಯು 'ಮುಕ್ತ', ಅತ್ತ ಗದಗಿನಿಂದ ಕೊಪ್ಪಳಕ್ಕೆ ಹೋಗುವ ದಾರಿಯಲ್ಲಿ ಕಟ್ಟೆ! ಕರ್ನಾಟಕದ ಏಕೀಕರಣವನ್ನು ಕೇವಲ ಭಾಷೆಯ ಹುಚ್ಚೆಂದು ಹೀಯಾಳಿಸಿದ ಪಂಡಿತರು ಅಂದು ಕೆಲವರಿದ್ದರು, ಇಂದೂ ಇರುವರು. ಭಾಷೆಯು ಆ ಹೋರಾಟದ ಪ್ರಾಣವಾಗಿತ್ತು, ನಿಜ; ಆದರೆ ಆ ಪ್ರಾಣಕ್ಕೆ ಒಂದು ಶರೀರವಿತ್ತು, ಆ ಶರೀರವು ಸಂತೆಗೆ ಹೋಗುತ್ತಿತ್ತು.

1950ರಲ್ಲಿ ಸಂವಿಧಾನವು ಜಾರಿಗೆ ಬಂದಾಗ ಅದರ 301ನೆಯ ಅನುಚ್ಛೇದವು, ಹಿಂದುಸ್ಥಾನದ ಉದ್ದಗಲಕ್ಕೂ ವ್ಯಾಪಾರ ವಾಣಿಜ್ಯ ಸಂಚಾರಗಳು ಮುಕ್ತವಾಗಿರತಕ್ಕದ್ದೆಂದು ಸಾರಿತು. ಆದರೆ 306ನೆಯದೊಂದು ಹಿಂಬಾಗಿಲು ಇತ್ತು: ಹಳೆಯ ಸಂಸ್ಥಾನಗಳಿಂದಾದ ರಾಜ್ಯಗಳು ಕೇಂದ್ರದೊಡನೆ ಒಪ್ಪಂದ ಮಾಡಿಕೊಂಡು ತಮ್ಮ ಗಡಿಸುಂಕಗಳನ್ನು ಹೆಚ್ಚೆಂದರೆ ಹತ್ತು ವರ್ಷ ಇಟ್ಟುಕೊಳ್ಳಬಹುದಾಗಿತ್ತು. ಆ 306ನೆಯ ಅನುಚ್ಛೇದವನ್ನು ಸಂವಿಧಾನದ ಏಳನೆಯ ತಿದ್ದುಪಡಿಯು ಅಳಿಸಿಹಾಕಿತು. ಎಂದು? 1956ರ ನವೆಂಬರ 1ರಂದು. ಕನ್ನಡ ನಾಡು ಒಂದಾದ ದಿನವೂ ಗಡಿಸುಂಕದ ಕೊನೆಯ ಆಧಾರವು ಕಾನೂನಿನಿಂದ ಹೋದ ದಿನವೂ ಒಂದೇ. ಪ್ರತಿವರ್ಷ ನವೆಂಬರದಲ್ಲಿ ಬಾವುಟ ಹಾರಿಸಿ ಭಾಷಣ ಮಾಡುವವರಲ್ಲಿ ಒಬ್ಬರಾದರೂ ಇದನ್ನು ನೆನೆದದ್ದನ್ನು ನಾವು ಕೇಳಿಲ್ಲ.

ಇಲ್ಲಿಯ 'ಮುಕ್ತ'ಕ್ಕೆ ಪಂಚಮಿಯೂ ಇದೆ, ಚತುರ್ಥಿಯೂ ಇದೆ: ರಾಜ್ಯರಾಜ್ಯಗಳ ನಡುವಿನ ಅಡ್ಡಗೋಡೆಯಿಂದ ಮುಕ್ತ, ಒಂದೇ ರಾಷ್ಟ್ರದ ಪ್ರಜೆಗಳಿಗಾಗಿ ಮುಕ್ತ. ಆದರೂ ಅದರ ಅರ್ಥಕ್ಕಾಗಿ ನ್ಯಾಯಾಲಯಗಳು ಪಟ್ಟ ಪಾಡನ್ನು ನೋಡಿದರೆ ಈ ಶಬ್ದವು ಎಷ್ಟು ಜಾರುವದೆಂಬುದು ತಿಳಿದೀತು. ಆಸ್ಟ್ರೇಲಿಯದ ಸಂವಿಧಾನದಲ್ಲಿಯೂ ಇಂಥದೇ ವಿಧಿಯೊಂದಿದೆ. 1936ರಲ್ಲಿ ಅಲ್ಲಿಯ ಒಣಹಣ್ಣಿನ ವ್ಯಾಪಾರಿಯೊಬ್ಬನ ಮೊಕದ್ದಮೆಯು ಪ್ರೀವಿ ಕೌನ್ಸಿಲಿಗೆ ಬಂದಾಗ ಲಾರ್ಡ್ ರೈಟ್ ಎಂಬ ನ್ಯಾಯಾಧೀಶರು, 'ಮುಕ್ತ'ವೆಂಬ ಶಬ್ದವು ತನ್ನಷ್ಟಕ್ಕೆ ತಾನೇ ಅಸ್ಪಷ್ಟವಾದುದು, ಅದು ಸಂದರ್ಭದಿಂದ ಬಣ್ಣ ತಳೆಯಬೇಕು ಎಂಬರ್ಥದ ತೀರ್ಪು ಕೊಟ್ಟರು. ನಮ್ಮಲ್ಲಿ ಅಸ್ಸಾಮದ ಚಹದ ಕಂಪನಿಯೊಂದು, ಕಲಕತ್ತೆಗೆ ಹೋಗುವ ತನ್ನ ಚಹದ ಮೇಲೆ ರಾಜ್ಯವು ಹಾಕಿದ ಸಾಗಣೆ ತೆರಿಗೆಯನ್ನು ಪ್ರಶ್ನಿಸಿದಾಗ, 1960ರಲ್ಲಿ ಸರ್ವೋಚ್ಚ ನ್ಯಾಯಾಲಯವು ತೆರಿಗೆಯೂ ಅಡ್ಡಿಯಾಗಬಹುದೆಂದು ಹೇಳಿ ಆ ತೆರಿಗೆಯನ್ನು ತಳ್ಳಿಹಾಕಿತು. 1962ರಲ್ಲಿ, ರಸ್ತೆಯ ಸೌಕರ್ಯಕ್ಕೆ ಪ್ರತಿಯಾಗಿ ಕೀಳುವ ತೆರಿಗೆಯು ಅಡ್ಡಿಯಲ್ಲವೆಂದು ಒಂದು ಕಿಟಕಿ ತೆರೆಯಿತು. ಕೊನೆಗೆ 2016ರ ನವೆಂಬರ 11ರಂದು ಒಂಬತ್ತು ನ್ಯಾಯಾಧೀಶರ ಪೀಠವು ಬಹುಮತದಿಂದ, ಮುಕ್ತವೆಂದರೆ ತೆರಿಗೆಯಿಂದ ಮುಕ್ತವೆಂದರ್ಥವಲ್ಲ. ಹೊರ ರಾಜ್ಯದ ಮಾಲಿಗೂ ತನ್ನ ಮಾಲಿಗೂ ಪಕ್ಷಪಾತ ಮಾಡುವ ತೆರಿಗೆ ಮಾತ್ರ ಸಲ್ಲದು ಎಂದು ಗೊತ್ತುಮಾಡಿತು. ಒಂದು ವಿಶೇಷಣದ ಅರ್ಥ ನಿರ್ಣಯಕ್ಕೆ 56 ವರ್ಷ! ನಮ್ಮ ವೃತ್ತಿಗೆ ಇದು ಕ್ಷೇಮಕರವೇ ಸರಿ. ಶಬ್ದಕ್ಕೆ ಕ್ಷೇಮಕರವೆಂದು ಹೇಳಲಾರೆವು.

ಈಗ ಹೊರದೇಶದ ವ್ಯಾಪಾರಕ್ಕೆ ಮರಳೋಣ. ಅಲ್ಲಿ ಪಂಚಮಿ ಚತುರ್ಥಿಗಳನ್ನು ಕೇಳದೆ ಇದ್ದರೆ ಏನಾಗುವದೆಂಬುದಕ್ಕೆ ಕನ್ನಡ ನಾಡಿನ ರೇಶಿಮೆಗಿಂತ ಬೇರೆ ಸಾಕ್ಷಿ ಬೇಡ. ಚೀನ ಜಪಾನುಗಳ ಅಗ್ಗದ ರೇಶಿಮೆ ಬಂದು ಮೈಸೂರಿನ ರೇಶಿಮೆ ಬೆಳೆಗಾರನು ಕಂಗೆಟ್ಟಾಗ, ಸುಂಕ ಮಂಡಲಿಯ ವಿಚಾರಣೆಯ ತರುವಾಯ 1934ರಲ್ಲಿ ಬ್ರಿಟಿಷ್ ಸರಕಾರವೇ ಅದಕ್ಕೆ ರಕ್ಷಣೆಯ ಸುಂಕ ಕೊಟ್ಟಿತ್ತು. ಸ್ವತಂತ್ರ ಹಿಂದುಸ್ಥಾನದ ಸರಕಾರವು 2011ರ ಮುಂಗಡ ಪತ್ರದಲ್ಲಿ ಕಚ್ಚಾ ರೇಶಿಮೆಯ ಆಮದು ಸುಂಕವನ್ನು ಶೇಕಡಾ 30ರಿಂದ ಒಮ್ಮೆಲೇ 5ಕ್ಕೆ ಇಳಿಸಿತು. ರಾಮನಗರದ ಪೇಟೆಯಲ್ಲಿ ಗೂಡಿನ ಬೆಲೆ ಕುಸಿದುಬಿದ್ದಿತು. ಹಿಪ್ಪುನೇರಳೆ ಬೆಳೆದವರು ಬೀದಿಗಿಳಿದರು. ಮುಂದೆ ಸುಂಕವನ್ನು ಏರಿಸಬೇಕಾಯಿತು, ನಡುವೆ ಇಳಿಸಿದರು, 2021ರಲ್ಲಿ 10ರಿಂದ 15ಕ್ಕೆ ಮತ್ತೆ ಏರಿಸಿದರು. ಹಾಗಾದರೆ ಸುಂಕವನ್ನು ಆಕಾಶಕ್ಕೇರಿಸಿದರೆ ಎಲ್ಲ ಸರಿಹೋದೀತೇ? ದೊಡ್ಡಬಳ್ಳಾಪುರದ ಮಗ್ಗದವನನ್ನು ಕೇಳಿರಿ. ಅವನಿಗೆ ನೂಲು ಅಗ್ಗವಾಗಿ ಸಿಗಬೇಕು. ಸುಂಕ ಏರಿದ ವರ್ಷ ಅವನ ಮಗ್ಗ ನಿಲ್ಲುವದು. ಶಿಡ್ಲಘಟ್ಟದ ಬೆಳೆಗಾರನೂ ದೊಡ್ಡಬಳ್ಳಾಪುರದ ನೇಕಾರನೂ ಒಂದೇ ನಾಡಿನವರು. ಅವರ ಊರುಗಳ ನಡುವಿನ ದಾರಿಯು ಅರ್ಧ ದಿನದ್ದೂ ಅಲ್ಲ. ಒಬ್ಬನ ಬಿಡುಗಡೆಯು ಇನ್ನೊಬ್ಬನ ಬಂಧನ. ಇವರಿಬ್ಬರನ್ನೂ ಒಂದೆಡೆ ಕೂಡ್ರಿಸಿ, ಎಷ್ಟು ಸುಂಕ, ಎಷ್ಟು ವರ್ಷ, ಆ ವರ್ಷಗಳಲ್ಲಿ ಬೆಳೆಗಾರನಿಗೆ ಒಳ್ಳೆಯ ತಳಿಯ ಮೊಟ್ಟೆ, ನೂಲು ಬಿಚ್ಚಾಣಿಕೆಗೆ ಹೊಸ ಯಂತ್ರಗಳನ್ನು ಕೊಡುವವರಾರು ಎಂದು ಗೊತ್ತುಪಡಿಸುವದು ರಾಜಕಾರಣ. ಅದನ್ನು ಬಿಟ್ಟು 'ಮುಕ್ತ'ವೆಂದೊಬ್ಬರು 'ಸ್ವದೇಶಿ'ಯೆಂದೊಬ್ಬರು ಕೂಗಿ ಎದ್ದುಹೋಗುವದು ಸುಲಭ; ಈ ವರೆಗೆ ಹೆಚ್ಚಾಗಿ ನಡೆದದ್ದೂ ಅದೇ. ಬೆಳೆಗಾರನಿಗೆ ಸುಂಕವು ಬೇಕೆಂಬುದು ನಮ್ಮ ಮತ, ಆದರೆ ಸುಂಕದ ಹಣವು ಅವನ ಹೊಲಕ್ಕೂ ನೇಕಾರನ ನೂಲಿನ ರಿಯಾಯತಿಗೂ ಮರಳಿ ಬರಬೇಕು, ಬೊಕ್ಕಸದಲ್ಲಿ ಕರಗಬಾರದು.

ಕೆಲವರು ಆಕ್ಷೇಪಿಸಬಹುದು: ಶಬ್ದದಲ್ಲೇನಿದೆ? ಇಡೀ ಲೋಕವು ಅದನ್ನೇ ಆಡುತ್ತಿರುವಾಗ ಕನ್ನಡಿಗರು ಮಾತ್ರ ವಿಭಕ್ತಿ ಹುಡುಕುತ್ತ ಕೂಡುವದೇ? ಶಬ್ದದಲ್ಲಿ ಬಹಳವಿದೆ. ಒಳ್ಳೆಯ ಹೆಸರನ್ನು ಮೊದಲು ಹಿಡಿದುಕೊಂಡ ಪಕ್ಷವು ಅರ್ಧ ವಾದವನ್ನು ಗೆದ್ದಂತೆ. ಮುಕ್ತ ವ್ಯಾಪಾರವನ್ನು ಬೇಡವೆನ್ನುವವನು ತಾನು ಬಂಧನದ ಪಕ್ಷಪಾತಿಯಲ್ಲವೆಂದು ಮೊದಲು ಸಾಧಿಸಿಕೊಳ್ಳಬೇಕಾಗುವದು. ಇದನ್ನು ಅರಿತೇ ಇಂಗ್ಲಂಡಿನ ಎದುರು ಪಕ್ಷದವರು 1881ರಲ್ಲಿ ಸುಂಕ ಬೇಕೆನ್ನುವ ತಮ್ಮ ಸಂಘಕ್ಕೆ 'ನ್ಯಾಯ ವ್ಯಾಪಾರ'ದ ಸಂಘವೆಂದು ಹೆಸರಿಟ್ಟುಕೊಂಡರು. ಒಬ್ಬರು ಸ್ವಾತಂತ್ರ್ಯವನ್ನು ಕೊಂಡರು, ಇನ್ನೊಬ್ಬರು ನ್ಯಾಯವನ್ನು ಕೊಂಡರು. ಎರಡರ ಬೆಲೆಯನ್ನೂ ತೆತ್ತವರು ಬೇರೆಯವರು.

ಆದುದರಿಂದ ಕನ್ನಡ ಪತ್ರಿಕಾಕರ್ತರಲ್ಲಿ ನಮ್ಮದೊಂದು ವಿಜ್ಞಾಪನೆ. ಸುಂಕ ಪೂರ್ತಿ ಹೋದಲ್ಲಿ 'ಸುಂಕವಿಲ್ಲದ ವ್ಯಾಪಾರ'ವೆಂದು ಬರೆಯಿರಿ. ಇಳಿದಲ್ಲಿ 'ಸುಂಕ ಇಳಿಕೆಯ ಕರಾರು' ಎನ್ನಿರಿ. ಯಾವ ಮಾಲಿಗೆ, ಯಾವ ದೇಶದಿಂದ, ಎಷ್ಟರಿಂದ ಎಷ್ಟಕ್ಕೆ ಎಂಬುದನ್ನು ತಲೆಬರಹದ ಕೆಳಗಿನ ಮೊದಲ ಸಾಲಿನಲ್ಲಿಯೇ ಕೊಡಿರಿ. 2025ರ ಬ್ರಿಟನ್ನಿನ ಕರಾರನ್ನೇ ತೆಗೆದುಕೊಳ್ಳಿರಿ. ಆ ಮೇರೆಗೆ ನಮ್ಮ ಅರಿವೆಯು ಸುಂಕವಿಲ್ಲದೆ ಅಲ್ಲಿಗೆ ಹೋಗತಕ್ಕದ್ದು. 1813ರ ಶೇಕಡಾ 80ನ್ನು ನೆನೆದವರಿಗೆ ಇದು ಸಮಾಧಾನದ ಸಂಗತಿಯೇ. ಅಲ್ಲಿಯ ವಿಸ್ಕಿಯ ಮೇಲೆ ನಮ್ಮಲ್ಲಿದ್ದ ಶೇಕಡಾ 150ರ ಸುಂಕವು ಮೊದಲು 75ಕ್ಕೂ ಹತ್ತು ವರ್ಷಗಳಲ್ಲಿ 40ಕ್ಕೂ ಇಳಿಯತಕ್ಕದ್ದು. ಶೇಕಡಾ 40 ಸುಂಕ ತೆರುವ ಸೀಸೆಯನ್ನು 'ಮುಕ್ತ'ವೆನ್ನಲು ಬರುವದೇ? ಕರಾರಿನ ಹೆಸರೇ ಹಾಗೆ ಅಂದಿಲ್ಲ. ಅದರ ಹಣೆಬರಹವನ್ನು ಓದಿರಿ: 'ಸಮಗ್ರ ಆರ್ಥಿಕ ಮತ್ತು ವ್ಯಾಪಾರ ಒಪ್ಪಂದ'. 'ಮುಕ್ತ'ವೆಂಬ ಶಬ್ದವು ಅದರಲ್ಲಿ ಇಲ್ಲವೇ ಇಲ್ಲ. ಅದನ್ನು ತಲೆಬರಹಕ್ಕೆ ಏರಿಸಿದವರು ನಮ್ಮ ಪತ್ರಿಕೆಗಳವರು.